ಗದಗಿನ ಎಡಗೈ

ಗದಗಿಗೂ ಹುಬ್ಬಳ್ಳಿಗೂ ನಡುವೆ ಸುಮಾರು 60 ಕಿಲೋಮೀಟರುಗಳ ಹಾದಿ. ಇಬ್ಬದಿಗೂ ಎರೆಯ ಹೊಲ. ನಡುವೆ ಆದಿಕವಿ ಪಂಪನ ಹೆಸರಿನೊಡನೆ ಬೆಸೆದುಕೊಂಡಿರುವ ಅಣ್ಣಿಗೇರಿ. ಹತ್ತಿಯ ವ್ಯಾಪಾರಕ್ಕೆಂದು, ಕೋರ್ಟು ಕಚೇರಿಗೆಂದು, ಆಸ್ಪತ್ರೆಗೆಂದು ಈ ಹಾದಿಯನ್ನು ಸವೆಸಿದವರಿಗೆ ಲೆಕ್ಕವಿಲ್ಲ. ಕ್ರಿಕೆಟ್ಟಿನ ಅಭ್ಯಾಸಕ್ಕಾಗಿ ನಸುಕಿನಲ್ಲೆದ್ದು ಹುಬ್ಬಳ್ಳಿಗೆ ಬಂದು, ಬೆವರು ಆರುವ ಮೊದಲೇ ಹಿಂದಿರುಗಿ, ಹೊತ್ತಿಗೆ ಸರಿಯಾಗಿ ಗದಗಿನ ಶಾಲೆಯನ್ನು ಸೇರುತ್ತಿದ್ದ ಹುಡುಗರು ಮಾತ್ರ ವಿರಳ. ಅಂಥವನೊಬ್ಬ, 1970ರ ಜೂನ್ 6ರಂದು ಗದಗಿನಲ್ಲಿ ಜನಿಸಿದ ಸುನೀಲ ಜೋಶಿ.

ವಿದ್ಯೆಗಾಗಿ ಅಲೆಯುವುದು ಆ ಸೀಮೆಗೆ ಹೊಸದೇನೂ ಅಲ್ಲ. ಗದಗಿನ ಮತ್ತೊಬ್ಬ ಜೋಶಿ, ಪಂಡಿತ ಭೀಮಸೇನರು, ಗುರುವನ್ನರಸಿ ಊರೂರು ತಿರುಗಿ ಕಡೆಗೆ ಹುಬ್ಬಳ್ಳಿಯ ಮಗ್ಗುಲಲ್ಲೇ ಇರುವ ಕುಂದಗೋಳದಲ್ಲಿ ಸವಾಯಿ ಗಂಧರ್ವರ ಪಾದ ಹಿಡಿದರು. ಸಂಗೀತಕ್ಕೆ ಧಾರವಾಡದ ನೆಲದಲ್ಲಿ ಮನೆಮನೆಯ ಮನ್ನಣೆ ಇತ್ತು. ಆಟಕ್ಕೆ ಅದಿರಲಿಲ್ಲ. ‘ಆಡಿದರೆ ಹೊಟ್ಟೆ ತುಂಬೀತೇ?’ ಎಂಬ ಹಿರಿಯರ ಪ್ರಶ್ನೆ ಯಾವ ಮಧ್ಯಮ ವರ್ಗದ ಮನೆಯಲ್ಲಿ ಕೇಳಿಬಂದಿಲ್ಲ? ಪ್ರಶ್ನೆ ಅನ್ಯಾಯದ್ದೆಂದೂ ಹೇಳುವಂತಿಲ್ಲ. ರಾಜ್ಯದ ತಂಡವೆಂದರೆ ಬೆಂಗಳೂರು. ಹುಲ್ಲು ಹಾಸಿದ ಅಂಗಣಗಳೆಲ್ಲ ಅಲ್ಲಿ. ಜಿಲ್ಲೆಗಳ ಹುಡುಗರು ಹೆಚ್ಚಾಗಿ ಚಾಪೆ ಹಾಸಿದ ಪಿಚ್ಚಿನ ಮೇಲೆ ಆಡಿ ಬೆಳೆದವರು. ಚಾಪೆಯ ಮೇಲೆ ಪುಟಿಯುವ ಚೆಂಡಿನ ರೀತಿಯೇ ಬೇರೆ, ಮಣ್ಣಿನ ಮೇಲೆ ಅದರ ನಡೆಯೇ ಬೇರೆ. ಬೆಂಗಳೂರಿಗೆ ಬಂದವನು ಒಮ್ಮೆ ಕಲಿತದ್ದನ್ನು ಮತ್ತೊಮ್ಮೆ ಕಲಿಯಬೇಕು.

ಜೋಶಿ ಕಲಿತರು. 1992-93ರಲ್ಲಿ ಕರ್ನಾಟಕದ ತಂಡಕ್ಕೆ ಬಂದರು. 1995-96ರ ರಣಜಿ ಋತುವಿನಲ್ಲಿ 500ಕ್ಕೂ ಮಿಕ್ಕಿ ರನ್ ಹೊಡೆದು 50ಕ್ಕೂ ಮಿಕ್ಕಿ ವಿಕೆಟ್ ಪಡೆದರು. ಹದಿಮೂರು ವರ್ಷಗಳ ಬಳಿಕ ಕರ್ನಾಟಕಕ್ಕೆ ರಣಜಿ ಪಾರಿತೋಷಕ ದೊರೆತದ್ದು ಆ ಋತುವಿನಲ್ಲಿಯೇ. ಮರು ಬೇಸಿಗೆಗೆ ಇಂಗ್ಲೆಂಡಿನ ಎಜ್‌ಬಾಸ್ಟನ್ ಅಂಗಣದಲ್ಲಿ ಭಾರತದ ಪರವಾಗಿ ಮೊದಲ ಟೆಸ್ಟ್. ಪಂದ್ಯ ಆರಂಭವಾದ 1996ರ ಜೂನ್ 6, ಅವರು 26 ತುಂಬಿದ ದಿನವೂ ಹೌದು. ಹನ್ನೊಂದು ಜನರಲ್ಲಿ ಶ್ರೀನಾಥ್, ಕುಂಬ್ಳೆ, ವೆಂಕಟೇಶ ಪ್ರಸಾದ್, ಜೋಶಿ, ಹೀಗೆ ನಾಲ್ವರು ಕನ್ನಡಿಗರು!

ಆದರೆ ಅದೃಷ್ಟದ ಅಳತೆಗೋಲು ಎಲ್ಲರಿಗೂ ಒಂದೇ ಅಲ್ಲ. ಒಂದೇ ರಾಜ್ಯದ, ಒಂದೇ ಕಾಲದ ಇಬ್ಬರು ಸ್ಪಿನ್ ಬೌಲರುಗಳಲ್ಲಿ ಕುಂಬ್ಳೆಯವರು ಟೆಸ್ಟ್ ಪಂದ್ಯಗಳಲ್ಲಿಯೇ 619 ವಿಕೆಟ್ ಪಡೆದರು. ಜೋಶಿಯವರಿಗೆ ದೊರೆತದ್ದು 15 ಟೆಸ್ಟ್, 41 ವಿಕೆಟ್. ಪ್ರಥಮ ದರ್ಜೆಯ ಎಲ್ಲ 160 ಪಂದ್ಯಗಳನ್ನು ಸೇರಿಸಿದರೆ ಅವರ ಒಟ್ಟು ಮೊತ್ತ 615. ಎರಡು ಸಂಖ್ಯೆಗಳು ಇಷ್ಟು ಸಮೀಪದಲ್ಲಿ ನಿಂತಿರುವುದು ವಿಧಿಯ ವಿನೋದವೆನ್ನಬೇಕು. ಒಬ್ಬರದು ಜಗತ್ತಿನ ಮುಂದೆ ದೊರೆತದ್ದು. ಇನ್ನೊಬ್ಬರದು ಬಹುಪಾಲು, ಅರೆಖಾಲಿ ಅಂಗಣಗಳಲ್ಲಿ ದಿನವಿಡೀ ದುಡಿದು ಸಂಪಾದಿಸಿದ್ದು.

ಬೆಳಕು ಬಿದ್ದ ದಿನಗಳೂ ಇಲ್ಲದಿಲ್ಲ. 1999ರ ಸೆಪ್ಟೆಂಬರ್ 26, ನೈರೋಬಿ. ಕ್ರೋನಿಯೆ ನಾಯಕತ್ವದ ಪ್ರಬಲ ದಕ್ಷಿಣ ಆಫ್ರಿಕದ ಎದುರು ಜೋಶಿ 10 ಓವರುಗಳಲ್ಲಿ ಆರನ್ನು ಮೇಡನ್ ಮಾಡಿ, ಕೇವಲ 6 ರನ್ ಕೊಟ್ಟು 5 ವಿಕೆಟ್ ಕಿತ್ತರು. ಎದುರಾಳಿಗಳು 117ಕ್ಕೆ ಮುಗಿದರು. ಚೆಂಡನ್ನು ಗಾಳಿಯಲ್ಲಿ ತುಸು ಹೆಚ್ಚು ಹೊತ್ತು ತೇಲಿಸಿ ದಾಂಡಿಗನನ್ನು ಮುಂದಕ್ಕೆ ಕರೆಯುವುದು, ಬಿದ್ದ ಮೇಲೆ ಅದನ್ನು ಅವನಿಂದ ಆಚೆಗೆ ಸರಿಸುವುದು. ಅವನು ಅದಕ್ಕೆ ಒಗ್ಗಿದೊಡನೆ ತಿರುಗದೆ ನೇರವಾಗಿ ನುಗ್ಗುವ ಒಂದು ಚೆಂಡು. ಎಡಗೈ ಸ್ಪಿನ್ನಿನ ಮರ್ಮವೆಲ್ಲ ಇಷ್ಟೇ. ಆದರೆ ಅದನ್ನು ಗಂಟೆಗಟ್ಟಲೆ ಬೇಸರಿಸದೆ ಮಾಡುತ್ತಿರಬೇಕು.

ಮರುವರ್ಷ ನವೆಂಬರಿನಲ್ಲಿ ಢಾಕಾ. ಬಾಂಗ್ಲಾದೇಶವು ತನ್ನ ಮೊತ್ತಮೊದಲ ಟೆಸ್ಟಿನಲ್ಲಿ 400 ರನ್ ಮಾಡಿ ಭಾರತವನ್ನು ಬೆಚ್ಚಿಬೀಳಿಸಿತ್ತು. ಜೋಶಿ ಆ ಇನಿಂಗ್ಸಿನಲ್ಲಿ 5 ವಿಕೆಟ್ ಪಡೆದು, ಬಳಿಕ ದಾಂಡು ಹಿಡಿದು 92 ರನ್ ಮಾಡಿದರು. ಭಾರತ ಗೆದ್ದಿತು, ಪಂದ್ಯದ ಶ್ರೇಷ್ಠ ಆಟಗಾರ ಗದಗಿನವರೇ. ಹೊಸ ತಂಡದ ಸಂಭ್ರಮಕ್ಕೆ ತಣ್ಣೀರೆರಚಿದ ಈ ಕೈಯನ್ನು ಆ ನಾಡು ಮುಂದೆ ಬೇರೊಂದು ಕಾರ್ಯಕ್ಕೆ ಕರೆದೀತೆಂದು ಆಗ ಯಾರೆಣಿಸಿದ್ದರು?

2012ರಲ್ಲಿ ಆಟಕ್ಕೆ ವಿದಾಯ. ಅನೇಕರಿಗೆ ಅಲ್ಲಿಂದಾಚೆ ವೀಕ್ಷಕವಿವರಣೆಯ ಸುಖಾಸನ. ಜೋಶಿ ಹಿಡಿದದ್ದು ತರಬೇತಿಯ ಕಾಯಕ. ಅದರಲ್ಲಿಯೂ ಯಾರೂ ಹಂಬಲಿಸದ ತಂಡ, ಜಮ್ಮು-ಕಾಶ್ಮೀರ. 2014ರ ಸೆಪ್ಟೆಂಬರಿನ ಪ್ರವಾಹದಲ್ಲಿ ಶ್ರೀನಗರದ ಕ್ರಿಕೆಟ್ ಅಂಗಣವೇ ಮುಳುಗಿಹೋಗಿತ್ತು. ಅಭ್ಯಾಸಕ್ಕೆ ಸ್ವಂತ ನೆಲವಿಲ್ಲದ ಆ ತರುಣರು ಡಿಸೆಂಬರಿನಲ್ಲಿ ಮುಂಬಯಿಗೆ ಬಂದು, ವಾಂಖೆಡೆ ಅಂಗಣದಲ್ಲಿ, 40 ಸಲ ರಣಜಿ ಗೆದ್ದ ಮುಂಬಯಿ ತಂಡವನ್ನು ನಾಲ್ಕು ವಿಕೆಟ್‌ಗಳಿಂದ ಮಣಿಸಿದರು. ಪರ್ವೇಜ್ ರಸೂಲರ ನಾಯಕತ್ವ, ಹತ್ತೊಂಬತ್ತರ ಶುಭಂ ಖಜೂರಿಯಾರ ಶತಕ ಪತ್ರಿಕೆಗಳನ್ನು ತುಂಬಿದವು. ತರಬೇತುದಾರನ ಹೆಸರು ಸುದ್ದಿಯ ಕೊನೆಯ ಸಾಲುಗಳಿಗೆ ಸೇರಿದ್ದು. ಆದರೆ ಮೈದಾನವಿಲ್ಲದ ಊರಿನ ಹುಡುಗನ ಪಾಡೇನೆಂಬುದನ್ನು ಆ ತಂಡಕ್ಕೆ ಯಾರೂ ಜೋಶಿಯವರಿಗೆ ವಿವರಿಸಬೇಕಾಗಿರಲಿಲ್ಲ.

ಬಳಿಕ ಒಮಾನ್. 2016ರ ವಿಶ್ವಕಪ್ ಟಿ-20 ಪಂದ್ಯಾವಳಿಯಲ್ಲಿ ಆ ಪುಟ್ಟ ದೇಶ ಐರ್ಲೆಂಡನ್ನು ಸೋಲಿಸಿತು. 2017ರ ಆಗಸ್ಟಿನಲ್ಲಿ ಢಾಕಾ ಅವರನ್ನು ಮತ್ತೆ ಕರೆಯಿತು, ಈ ಬಾರಿ ಸ್ಪಿನ್ ಬೌಲರುಗಳ ಗುರುವಾಗಿ. ಕೆಲವೇ ದಿನಗಳಲ್ಲಿ ಬಾಂಗ್ಲಾದೇಶವು ಆಸ್ಟ್ರೇಲಿಯವನ್ನು ಟೆಸ್ಟಿನಲ್ಲಿ ಮೊದಲ ಬಾರಿಗೆ ಗೆದ್ದಿತು. ಅಷ್ಟು ಬೇಗ ಬಂದ ಜಯದ ಕೀರ್ತಿಯನ್ನು ಹೊಸ ಗುರುವಿನ ತಲೆಗೆ ಕಟ್ಟುವುದು ಅತಿಯಾದೀತು. 2018ರ ಕೊನೆಯಲ್ಲಿ ವೆಸ್ಟ್ ಇಂಡೀಸ್ ಬಂದಾಗಿನ ಮಾತು ಬೇರೆ: ಎರಡು ಟೆಸ್ಟುಗಳಲ್ಲಿ ಬಿದ್ದ 40 ವಿಕೆಟುಗಳೂ ಸ್ಪಿನ್ನರುಗಳ ಪಾಲಾದವು. ಢಾಕಾ ಪಂದ್ಯದಲ್ಲಂತೂ ತಂಡದಲ್ಲಿ ಪೂರ್ಣಾವಧಿಯ ವೇಗದ ಬೌಲರನೇ ಇರಲಿಲ್ಲ.

2020ರಲ್ಲಿ ಅವರು ಭಾರತದ ಆಯ್ಕೆ ಸಮಿತಿಯ ಅಧ್ಯಕ್ಷರಾದರು. ವರ್ಷ ತುಂಬುವ ಮೊದಲೇ ಆ ಪೀಠ ಬೇರೆಯವರದಾಯಿತು. ಈ ನಡುವೆ ಹುಬ್ಬಳ್ಳಿಯ ರಾಜನಗರದಲ್ಲಿ ಹುಲ್ಲಿನ ಅಂಗಣವೊಂದು ಎದ್ದು, ರಣಜಿ ಪಂದ್ಯಗಳು ಅಲ್ಲಿಗೂ ಬಂದಿವೆ. ಜೋಶಿಯವರು ಅಧಿಕಾರದಿಂದ ಮತ್ತೆ ಅಭ್ಯಾಸದ ಬಲೆಗಳ ಬಳಿಗೇ ಹಿಂತಿರುಗಿದರು. 2023ರಲ್ಲಿ ಪಂಜಾಬ್ ಕಿಂಗ್ಸ್ ತಂಡದ ಸ್ಪಿನ್ ತರಬೇತುದಾರರಾದರು. ಆ ಮೇ ತಿಂಗಳಲ್ಲಿ ದೆಹಲಿಯಲ್ಲಿ ಆ ತಂಡದ ತರುಣ ಹರ್‌ಪ್ರೀತ್ ಬ್ರಾರ್ 30 ರನ್ನಿಗೆ 4 ವಿಕೆಟ್ ಕಿತ್ತು ಪಂದ್ಯವನ್ನು ಗೆಲ್ಲಿಸಿದನು. ಅವನೂ ಎಡಗೈ ಸ್ಪಿನ್ನರನೇ.