ವಾರವಿಲ್ಲದ ದಿನ

ಈಚೆಗೆ ಒಂದು ಸಂಜೆ ನನ್ನ ಮೊಮ್ಮಗನು ನೋಟುಬುಕ್ಕೊಂದನ್ನು ತಂದು ನನ್ನ ಮುಂದಿಟ್ಟು, “ತಾತ, ಇದರ ಲೆಕ್ಕ ಸರಿಯಾಗಿದೆಯೇ ನೋಡಿಕೊಡಿ” ಎಂದನು. ಅವನಿಗೆ ಹದಿಮೂರು ವರ್ಷ. ಕಥೆ ಕಟ್ಟುವ ಹುಚ್ಚು. ಮೂವತ್ತು ವರ್ಷ ಗಣಿತ ಕಲಿಸಿದವನಿಗೆ ಲೆಕ್ಕ ನೋಡೆಂದರೆ ಒಲ್ಲೆನೆನ್ನುವ ಶಕ್ತಿಯಿರುವುದಿಲ್ಲ. ಬೀಜಗಣಿತವಿರಬೇಕೆಂದು ಕನ್ನಡಕವನ್ನು ಒರೆಸಿಕೊಂಡು ಕುಳಿತೆನು. ತೆರೆದು ನೋಡಿದರೆ ಅದೊಂದು ಪಂಚಾಂಗ!

ನಮ್ಮ ಲೋಕದ ಪಂಚಾಂಗವಲ್ಲ. ಅವನ ಕಥೆಯಲ್ಲಿ ‘ಹೊತ್ತಿನವರು’ ಎಂಬ ಜನರಿದ್ದಾರೆ. ನಾವು ಗಡಿಯಾರದ ಮುಳ್ಳನ್ನು ತಿರುಗಿಸುವಂತೆ ಅವರು ದಿನವನ್ನೇ ಹಿಂದಕ್ಕೆ ತಿರುಗಿಸುವರು. ಬೇಕಾದ ಗಳಿಗೆಯನ್ನು ಹಿಡಿದು ನಿಲ್ಲಿಸುವರು. ಇಂಥವರಿಗೆ ತಿಂಗಳು ತಾರೀಖುಗಳ ಗೊಡವೆ ಏಕೆಂದು ಕೇಳಿದೆನು. “ಇಲ್ಲದಿದ್ದರೆ ಎಲ್ಲಿಗೆ ಹೋಗಬೇಕೆಂದು ಅವರಿಗೆ ಹೇಗೆ ತಿಳಿಯುತ್ತದೆ?” ಎಂದನು. ನನಗೆ ಉತ್ತರ ಹೊಳೆಯಲಿಲ್ಲ.

ಅವನ ಏರ್ಪಾಡು ಜಾಣತನದ್ದೇ. ಒಬ್ಬೊಬ್ಬನಿಗೂ ಎರಡು ಎಣಿಕೆಗಳು: ಒಂದು ಲೋಕದ್ದು, ಒಂದು ಅವನ ಬಾಳಿನದು. ಒಂದೇ ಜಾತ್ರೆಯ ದಿನಕ್ಕೆ ಹತ್ತು ಸಲ ಹಿಂದಿರುಗಿದವನಿಗೆ ಲೋಕದ ತಾರೀಖು ಬದಲಾಗದು. ಬಾಳಿನ ಎಣಿಕೆಯಲ್ಲಿ ಮಾತ್ರ ಹತ್ತು ದಿನ ಸವೆದಿರುತ್ತವೆ. ತಲೆ ನೆರೆಯುವುದು ಈ ಎರಡನೆಯ ಎಣಿಕೆಯಂತೆ! ಇದನ್ನು ಓದಿದಾಗ ನನಗೆ ಭಾಗವತದ ಕಕುದ್ಮಿರಾಜನ ನೆನಪಾಯಿತು. ಮಗಳಾದ ರೇವತಿಗೆ ತಕ್ಕ ವರನಾರೆಂದು ಕೇಳುವುದಕ್ಕೆ ಅವನು ಬ್ರಹ್ಮಲೋಕಕ್ಕೆ ಹೋದನಷ್ಟೆ. ಅಲ್ಲಿ ಸಂಗೀತ ನಡೆಯುತ್ತಿತ್ತು. ಮುಗಿಯಲೆಂದು ಒಂದು ಕ್ಷಣ ಕಾದನು. ಅಷ್ಟರಲ್ಲಿ ಭೂಲೋಕದಲ್ಲಿ 27 ಚತುರ್ಯುಗಗಳು ಕಳೆದುಹೋಗಿದ್ದುವು. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರ ಮೊಮ್ಮಕ್ಕಳ ಹೆಸರೂ ಉಳಿದಿರಲಿಲ್ಲ. ಹುಡುಗನು ಕಥೆಯನ್ನು ಗಂಭೀರವಾಗಿ ಕೇಳಿ, “ಅವನ ಬಳಿ ನನ್ನ ಪಂಚಾಂಗ ಇರಬೇಕಾಗಿತ್ತು” ಎಂದನು.

ಆ ಲೋಕದ ವರ್ಷಕ್ಕೆ ಹದಿಮೂರು ತಿಂಗಳು, ತಿಂಗಳಿಗೆ 28 ದಿನ. ತಿಂಗಳೆಲ್ಲ ಸೋಮವಾರವೇ ಮೊದಲಾಗುವುದು. ಇದು ಹುಡುಗಾಟವೆಂದು ವಾಚಕರು ನಗಬಾರದು. ಅಮೆರಿಕದ ಈಸ್ಟ್‌ಮನ್ ಕೊಡಕ್ ಕಂಪೆನಿಯವರು 1928ರಿಂದ 1989ರವರೆಗೆ ತಮ್ಮ ವ್ಯವಹಾರವನ್ನು ಇಂಥದೇ ಹದಿಮೂರು ತಿಂಗಳ ಲೆಕ್ಕದಲ್ಲಿ ನಡೆಸಿದರು. ಇನ್ನು ಕಾಲವನ್ನು ತಿರುಚುವವರು ಕಥೆಯಲ್ಲಿ ಮಾತ್ರ ಇರುವರೆಂದೂ ತಿಳಿಯಬೇಕಾಗಿಲ್ಲ. ಪ್ರಾಚೀನ ರೋಮಿನಲ್ಲಿ ಅಧಿಕಮಾಸವನ್ನು ಸೇರಿಸುವ ಅಧಿಕಾರ ಪುರೋಹಿತರದಾಗಿತ್ತು. ತಮಗೆ ಬೇಕಾದವರ ಅಧಿಕಾರಾವಧಿಯನ್ನು ಹಿಗ್ಗಿಸಲು ಅವರು ಅದನ್ನು ಬಳಸಿಕೊಂಡರೆಂಬ ಅಪವಾದವುಂಟು. ಕಡೆಗೆ ಋತುಗಳಿಗೂ ತಿಂಗಳುಗಳಿಗೂ ಸಂಬಂಧವೇ ತಪ್ಪಿ, ಅದನ್ನು ಸರಿಪಡಿಸಲು ಜೂಲಿಯಸ್ ಸೀಸರನು ಕ್ರಿ. ಪೂ. 46ನೆಯ ವರ್ಷವೊಂದನ್ನೇ 445 ದಿನಗಳಿಗೆ ಎಳೆಯಬೇಕಾಯಿತು. ಆ ವರ್ಷ ಸಾಲ ತೀರಿಸಬೇಕಾಗಿದ್ದವರು ಅವನನ್ನು ಹರಸಿರಬೇಕು.

ಹದಿಮೂರನ್ನು 28ರಿಂದ ಗುಣಿಸಿದರೆ 364. ಹೊತ್ತಿನವರ ವರ್ಷಕ್ಕೆ ದಿನಗಳು 365. ಮಿಕ್ಕ ಒಂದಕ್ಕೆ ಹುಡುಗನು ಪುಟದ ಕೆಳಗೆ ಚೌಕವೊಂದನ್ನು ಬರೆದು ಬರಿದೆ ಬಿಟ್ಟಿದ್ದನು. ಅದಕ್ಕೆ ತಿಂಗಳಿಲ್ಲ, ವಾರವಿಲ್ಲ, ಹೆಸರೂ ಇಲ್ಲ. ಕೆಳಗೆ ಸಣ್ಣಕ್ಷರದಲ್ಲಿ, “ಇಲ್ಲಿಗೆ ಯಾರೂ ಹೋಗಕೂಡದು” ಎಂಬ ಕಟ್ಟಳೆ.

ನಾನು ಆ ಚೌಕವನ್ನೇ ನೋಡುತ್ತ ಕುಳಿತೆನು. ಫ್ರಾನ್ಸಿನ ತತ್ತ್ವಜ್ಞಾನಿ ಓಗ್ಯುಸ್ತ್ ಕೋಂತನೂ 1849ರಲ್ಲಿ 28 ದಿನಗಳ ಹದಿಮೂರು ತಿಂಗಳುಗಳ ಪಂಚಾಂಗವೊಂದನ್ನು ಕಟ್ಟಿದನು. ತಿಂಗಳುಗಳಿಗೆ ಮೋಸೆಸ್, ಹೋಮರ್, ಅರಿಸ್ಟಾಟಲ್ ಮೊದಲಾದ ಮಹಾಪುರುಷರ ಹೆಸರುಗಳನ್ನಿಟ್ಟು, ವಾರದ ಲೆಕ್ಕಕ್ಕೆ ಸೇರದೆ ಮಿಕ್ಕ ಆ ಒಂದು ದಿನವನ್ನು ಸತ್ತವರೆಲ್ಲರ ಸ್ಮರಣೆಗೆಂದು ಮೀಸಲಿಟ್ಟನು. ಅವನು ಪ್ರಾಣದಂತೆ ಪ್ರೀತಿಸಿದ್ದ ಕ್ಲೊತಿಲ್ದಳು ತೀರಿಕೊಂಡು ಆಗ ಮೂರು ವರ್ಷವಾಗಿತ್ತು. ಈ ಹುಡುಗನು ಕೋಂತನ ಹೆಸರನ್ನು ಕೇಳಿದವನಲ್ಲ.

ನಮ್ಮ ಮನೆಯಲ್ಲಿ ಅವನ ಅಜ್ಜಿ ಪುಷ್ಯ ಬಹುಳ ದಶಮಿಯಂದು ಹೋಗಿಯೂ ಮೂರು ವರ್ಷವಾಯಿತು. ಆ ದಿನ ಅವನಿಗೆ ಪರೀಕ್ಷೆ. ಬೆಳಿಗ್ಗೆ ಅವಳ ಮಂಚದ ಬಳಿಯಿಂದ ಏಳಲೊಲ್ಲದ ಹುಡುಗನನ್ನು, “ಸಂಜೆ ಬಂದು ಮಾತನಾಡುವೆಯಂತೆ, ಹೋಗು” ಎಂದು ಕಳುಹಿಸಿದವನು ನಾನು. ನಾಲ್ಕು ಗಂಟೆಗೆ ಅವನು ಚೀಲ ಹೊತ್ತು ಬಂದಾಗ ಅಂಗಳದಲ್ಲಿ ಜನ ಸೇರಿದ್ದರು. ಅವನು ನನ್ನನ್ನು ಒಂದು ಮಾತೂ ಕೇಳಲಿಲ್ಲ, ಇಂದಿನವರೆಗೂ ಕೇಳಿಲ್ಲ. ಮುಳ್ಳನ್ನು ತಿರುಗಿಸುವ ವಿದ್ಯೆ ನನಗೆ ಬಂದಿದ್ದರೆ ಎಲ್ಲಿಗೆ ತಿರುಗಿಸುತ್ತಿದ್ದೆನೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

“ಇಲ್ಲಿಗೇಕೆ ಹೋಗಬಾರದು?” ಎಂದು ಕೇಳಿದೆನು. ನನ್ನ ದನಿ ಸ್ವಲ್ಪ ಬೇರೆಯಾಗಿದ್ದಿರಬೇಕು. ಅವನು ಮುಖವೆತ್ತದೆ ಪೆನ್ಸಿಲಿನಿಂದ ಚೌಕದ ಗೆರೆಯನ್ನು ಮತ್ತೆ ಮತ್ತೆ ತೀಡಿದನು.

“ಹೋದವರು ಹಿಂದಕ್ಕೆ ಬರುವುದಿಲ್ಲ, ತಾತ. ಅಲ್ಲಿಯೇ ಇದ್ದುಬಿಡುತ್ತಾರೆ. ಎಲ್ಲರೂ ಹೋಗಿಬಿಟ್ಟರೆ ಊರಿನಲ್ಲಿ ಯಾರಿರುತ್ತಾರೆ?”

ಏನು ಹೇಳಬೇಕೆಂದು ತೋಚದೆ ನಾನು ನಮ್ಮ ಪಂಚಾಂಗದ ಕ್ಷಯತಿಥಿಯ ಮಾತೆತ್ತಿದೆನು. ತಿಥಿಯೊಂದು ಸುಮಾರು 20ರಿಂದ 27 ಗಂಟೆಗಳವರೆಗೆ ಹೆಚ್ಚು ಕಡಮೆಯಾಗುವುದು. ಆದುದರಿಂದ ಒಮ್ಮೊಮ್ಮೆ ಒಂದು ತಿಥಿ ಸೂರ್ಯೋದಯವಾದ ಮೇಲೆ ಹುಟ್ಟಿ ಮರುದಿನದ ಉದಯಕ್ಕೆ ಮುಂಚೆಯೇ ಮುಗಿದುಹೋಗುತ್ತದೆ. ಯಾವ ದಿನಕ್ಕೂ ಅದರ ಹೆಸರು ಸಲ್ಲದು. “ಹಾಗಾದರೆ ಆ ತಿಥಿಯಲ್ಲಿ ಸತ್ತವರಿಗೆ?” ಎಂದು ತಟ್ಟನೆ ಕೇಳಿದನು. ಶ್ರಾದ್ಧಕ್ಕೆ ನೋಡುವುದು ಉದಯವನ್ನಲ್ಲ, ಅಪರಾಹ್ಣದಲ್ಲಿರುವ ತಿಥಿಯನ್ನು. ಆದುದರಿಂದ ಅವರ ಪಾಲಿನ ಅನ್ನ ತಪ್ಪುವುದಿಲ್ಲವೆಂದು ಹೇಳಿದೆನು. ಅವನಿಗೆ ಸಮಾಧಾನವಾದಂತೆ ತೋರಿತು. ನನಗೂ.

ಲೆಕ್ಕದಲ್ಲಿ ತಪ್ಪು ಒಂದೇ. ಕಥೆಯ ಮೂರನೆಯ ಅಧ್ಯಾಯದಲ್ಲಿ ಏಳನೆಯ ತಿಂಗಳ 16ನೆಯ ತಾರೀಖನ್ನು ಬುಧವಾರವೆಂದು ಬರೆದಿದ್ದನು; ಅವನ ಪಂಚಾಂಗದಂತೆ ಅದು ಎಂದೆಂದಿಗೂ ಮಂಗಳವಾರವೇ. ಅದನ್ನು ತಿದ್ದಿ ಪುಸ್ತಕವನ್ನು ಕೊಟ್ಟೆನು. ಎತ್ತಿಕೊಂಡು ಹೊರಟವನು ಬಾಗಿಲಲ್ಲಿ ನಿಂತು, “ಈ ಸಲ ಅಜ್ಜಿಯ ತಿಥಿ ಯಾವತ್ತು ಬರುತ್ತದೆ?” ಎಂದನು. ಮೊಳೆಗೆ ತಗುಲಿಹಾಕಿದ್ದ ಒಂಟಿಕೊಪ್ಪಲು ಪಂಚಾಂಗವನ್ನು ತೆಗೆದು ನೋಡಿ ಹೇಳಿದೆನು. ಶಾಲೆಯಿರುವ ದಿನ. ಅಂದು ತಾನು ಶಾಲೆಗೆ ಹೋಗುವುದಿಲ್ಲವೆಂದನು. ಆಗಲಿ ಎಂದೆನು.