ದೊಡ್ಡಪ್ಪನ ಎತ್ತುಗಳು

ನಮ್ಮ ದೊಡ್ಡಪ್ಪ ಸುಣ್ಣ ಹೊಡೆಯುವ ಕೂಲಿಗೆ ಹೋಗುತ್ತಿದ್ದರು. ಚಿತ್ರ ಬರೆಯುವುದನ್ನು ಅವರಿಗೆ ಯಾರೂ ಕಲಿಸಲಿಲ್ಲ. ಅಜ್ಜಂಪುರದ ಅಮೃತಮಹಲ್ ಕೇಂದ್ರದ ದನಗಳನ್ನು ನೋಡಿ ನೋಡಿ, ಕೆಮ್ಮಣ್ಣು, ಇದ್ದಿಲಿನಲ್ಲಿ ಮನೆ ಗೋಡೆ ಮೇಲೆ ಎತ್ತು ಬರೆಯೋರು. ಆ ತಳಿಯ ಕೊಂಬು ಉದ್ದ, ತುದಿ ಚೂಪು, ಹಿಂದಕ್ಕೆ ಬಾಗಿ ಮೇಲಕ್ಕೆ ಏಳಬೇಕು. ಅದೇ ಕಷ್ಟ, ನಾನೂ ಬರೆದು ನೋಡಿದ್ದೇನೆ. ಆಗ ಜನ "ಬೇರೆ ಕೆಲಸ ಇಲ್ವಾ?" ಎಂದು ನಗುತ್ತಿದ್ದರು. ಅವರು ತೀರಿಕೊಂಡ ಮೇಲೆ ಅದೇ ಜನ ಬಂದು, "ಆ ಗೋಡೆಗೆ ಮಾತ್ರ ಸುಣ್ಣ ಹೊಡೀಬೇಡಿ" ಅಂತಾರೆ!

ತರೀಕೆರೆ ಹತ್ತಿರದ ಅಮೃತಾಪುರದ ಗುಡಿ 1196ರದು. ಅಲ್ಲಿ ಕೆಲಸ ಮಾಡಿದ ಶಿಲ್ಪಿ ಮಲ್ಲಿತಮ್ಮ ಮುಂದೆ ಸೋಮನಾಥಪುರದಲ್ಲಿ ವಿಗ್ರಹಗಳ ಕೆಳಗೆ ತನ್ನ ಹೆಸರು ಕೆತ್ತಿದ. ಅದಕ್ಕೇ ಇವತ್ತೂ ಅವನು ಗೊತ್ತು. ದೊಡ್ಡಪ್ಪ ಹೆಸರು ಹಾಕಲೇ ಇಲ್ಲ. ದೊಡ್ಡಮ್ಮನಿಗೆ ಬರೆಯಲು ಬರಲ್ಲ. ಭಾನುವಾರ ನಾನೇ ಬರೆಯಬೇಕಂತೆ, ಕೆಮ್ಮಣ್ಣು ತಂದಿಟ್ಟಿದ್ದಾರೆ.