ಗಾಡ್ಜಿಲ್ಲಾನ ಯಜಮಾನರು

ಜಪಾನಿ ಸಿನಿಮಾದ ಮಾತು ಬಂದರೆ ನಮ್ಮ ಫಿಲ್ಮ್ ಸೊಸೈಟಿ ಪಂಡಿತರು ಕುರೊಸಾವಾ, ಓಝು ಎಂದು ಕಣ್ಣು ಮುಚ್ಚಿ ಜಪಕ್ಕೆ ಕೂರುತ್ತಾರೆ. ನಡುವೆ ನಾನು ಬಾಯಿ ಹಾಕಿ ಇಶಿರೋ ಹೋಂಡಾ ಎಂದರೆ, "ಬೈಕ್ ಕಂಪನಿಯವರಾ?" ಎಂದು ಕೇಳಿದವರುಂಟು. ಅಲ್ಲ ಮಾರಾಯ್ರೆ, 'ಗಾಡ್ಜಿಲ್ಲಾ' ಮಾಡಿದವರು ಎಂದರೆ, "ಓ, ಆ ಹಲ್ಲಿ ಪಿಕ್ಚರ್ರಾ!" ಎಂಬ ನಗು. ಅದಕ್ಕೆ ಹೋಂಡಾ ಬೇಜಾರು ಮಾಡಿಕೊಳ್ಳುವ ಜಾತಿಯವರಲ್ಲ. ಅವರ ಪಾಲಿನ ಬೇಜಾರನ್ನೂ ನಾನೇ ಮಾಡಿಕೊಳ್ಳಬೇಕು.

1911ರಲ್ಲಿ ಯಾಮಗಾಟಾ ಕಡೆಯ ಬೌದ್ಧ ಪುರೋಹಿತರೊಬ್ಬರ ಮನೆಯಲ್ಲಿ ಹುಟ್ಟಿದವರು. ಸ್ಟುಡಿಯೋ ಸೇರಿ ಇನ್ನೇನು ಕೆಲಸ ಕೈಗೆ ಹತ್ತಬೇಕು, ಸೈನ್ಯದಿಂದ ಕರೆ ಬಂತು. ಒಂದು ಸಲವಲ್ಲ, ಮೂರು ಸಲ. ಚೀನಾದಲ್ಲಿ ಸೆರೆಯಾಳಾದರು, 1946ರಲ್ಲಿ ಊರಿಗೆ ಮರಳುವಾಗ ಹಿರೋಷಿಮಾ ದಾಟಿಯೇ ಬಂದರು. ಯುದ್ಧದಲ್ಲಿ ತಮ್ಮೆದುರೇ ಬಿದ್ದೂ ಸಿಡಿಯದ ಶೆಲ್ಲೊಂದನ್ನು ಹೊತ್ತು ತಂದು ಮೇಜಿನ ಮೇಲೆ ಇಟ್ಟುಕೊಂಡಿದ್ದರಂತೆ. ಮನೆಯವರು ಅದರ ಧೂಳು ಹೇಗೆ ಒರೆಸುತ್ತಿದ್ದರೋ!

ಒಟ್ಟಿಗೆ ಪಳಗಿದ ಗೆಳೆಯ ಕುರೊಸಾವಾ 1943ರಲ್ಲೇ ನಿರ್ದೇಶಕರಾದರೆ, ಹೋಂಡಾಗೆ ಮೊದಲ ಕಥಾಚಿತ್ರ ಸಿಕ್ಕಿದ್ದು 1951ರಲ್ಲಿ. 1954ರ ಏಪ್ರಿಲ್‌ನಲ್ಲಿ ತೋಹೋ ಕಂಪನಿ ಕುರೊಸಾವಾರ 'ಸೆವೆನ್ ಸಮುರಾಯ್' ಬಡಿಸಿತು. ನವೆಂಬರ್‌ನಲ್ಲಿ ಅದೇ ಅಡುಗೆಮನೆಯಿಂದ 'ಗಾಡ್ಜಿಲ್ಲಾ' ಬಂತು.

ಆ ಮಾರ್ಚ್‌ನಲ್ಲಿ ಬಿಕಿನಿ ದ್ವೀಪದಲ್ಲಿ ಅಮೆರಿಕ ಸಿಡಿಸಿದ ಹೈಡ್ರೋಜನ್ ಬಾಂಬಿನ ಬೂದಿ ಜಪಾನಿನ ಮೀನುಗಾರಿಕೆ ದೋಣಿಯೊಂದರ 23 ಜನರ ಮೇಲೆ ಸುರಿದಿತ್ತು. ಟಕಿಯೋ ಮುರಾಟಾ ಜೊತೆ ಕೂತು ಹೋಂಡಾ ಬರೆದ ಚಿತ್ರಕಥೆ, ಸಮುದ್ರದಲ್ಲಿ ಹೊತ್ತಿ ಉರಿಯುವ ದೋಣಿಯಿಂದಲೇ ಶುರುವಾಗುತ್ತದೆ. ಆಮೇಲೆ ಬಾಂಬು ಎಬ್ಬಿಸಿದ ರಾಕ್ಷಸ ಗಾಡ್ಜಿಲ್ಲಾನಿಂದ ಟೋಕಿಯೋ ಧಗಧಗ ಉರಿಯುವಾಗ ಕಟ್ಟಡದ ಬುಡದಲ್ಲಿ ತಾಯಿಯೊಬ್ಬಳು ಮಕ್ಕಳನ್ನು ಅವುಚಿಕೊಂಡು, ಇನ್ನೇನು ಅಪ್ಪನ ಹತ್ತಿರ ಹೋಗಿಬಿಡುತ್ತೇವೆ ಎಂದು ಸಮಾಧಾನ ಮಾಡುತ್ತಾಳೆ. ಅಪ್ಪ ಎಲ್ಲಿದ್ದಾನೆ ಎಂದು ಆಗಿನ ಪ್ರೇಕ್ಷಕರಿಗೆ ಬಿಡಿಸಿ ಹೇಳಬೇಕಿರಲಿಲ್ಲ.

ಹಾಗಂತ ನಗಲೇಬಾರದು ಎಂದಲ್ಲ. ಗಾಡ್ಜಿಲ್ಲಾನ ವೇಷದೊಳಗೆ ಹೊಕ್ಕ ನಟ ಹರುವೋ ನಕಾಜಿಮಾ, ನಡಿಗೆ ಕಲಿಯಲು ಮೃಗಾಲಯಕ್ಕೆ ಹೋಗಿ ಆನೆ, ಕರಡಿಗಳನ್ನು ನೋಡುತ್ತಾ ನಿಂತರು. ಇಷ್ಟೆಲ್ಲ ಕಲಿತು ಬಂದರೆ ಮೊದಲ ವೇಷದ ತೂಕವೇ ಸುಮಾರು 100 ಕೆ.ಜಿ.! ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ ರಾಕ್ಷಸ ದೊಪ್ಪನೆ ಬಿದ್ದ. ಅವನ ಘರ್ಜನೆಯೋ, ಸಂಗೀತಗಾರ ಅಕಿರಾ ಇಫುಕುಬೆ ರಾಳ ಹಚ್ಚಿದ ಚರ್ಮದ ಕೈಗವಸಿನಿಂದ ಡಬಲ್ ಬಾಸಿನ ತಂತಿ ಉಜ್ಜಿ ಎಬ್ಬಿಸಿದ್ದು.

ಕಂಪನಿಗೆ ರುಚಿ ಹತ್ತಿತು. 1962ರಲ್ಲಿ ಕಿಂಗ್ ಕಾಂಗ್ ಜೊತೆ ಗುದ್ದಾಟ. 1965ರ ಹೊತ್ತಿಗೆ ಗಾಡ್ಜಿಲ್ಲಾ ಬೇರೆ ಗ್ರಹದಲ್ಲಿ ಜಿಗಿಜಿಗಿದು ಕುಣಿಯುತ್ತಿದ್ದ. ಬಾಂಬಿನ ಹೊಟ್ಟೆಯಲ್ಲಿ ಹುಟ್ಟಿದವನನ್ನು ಹೀಗೆ ಮಕ್ಕಳ ಮುಂದೆ ಕುಣಿಸಿದ್ದು ನನಗಿನ್ನೂ ಜೀರ್ಣವಾಗಿಲ್ಲ. ಮಕ್ಕಳಿಗೆ ಆಗಿತ್ತು, ಬಿಡಿ.

1975ರಲ್ಲಿ ಹೋಂಡಾ ತಮ್ಮ ಕೊನೆಯ ಚಿತ್ರ ನಿರ್ದೇಶಿಸಿದರು. ಆಮೇಲೆ ಕುರೊಸಾವಾರ 'ಕಾಗೆಮುಶಾ' ಸೆಟ್ಟಿಗೆ ಗೆಳೆಯನ ಸಹಾಯಕರಾಗಿ ಹೋದರು. ವಯಸ್ಸು ಎಪ್ಪತ್ತರ ಹತ್ತಿರ. ನಮ್ಮ ಕಡೆಯಾಗಿದ್ದರೆ ಮಾನ ಮರ್ಯಾದೆಯ ಪ್ರಶ್ನೆ ಎದ್ದು, ಇಬ್ಬರೂ ಮಾತು ಬಿಟ್ಟು, ನೆಂಟರು ರಾಜಿಗೆ ಓಡಾಡಬೇಕಿತ್ತು. ಇವರೋ 1993ರಲ್ಲಿ ತೀರಿಕೊಳ್ಳುವವರೆಗೆ ಐದು ಚಿತ್ರಗಳಿಗೆ ಹೆಗಲು ಕೊಟ್ಟರು. ಅದರಲ್ಲೊಂದು 'ಡ್ರೀಮ್ಸ್'. ಸತ್ತ ಸೈನಿಕರ ಪಡೆಯೊಂದು ಸುರಂಗದಿಂದ ಕವಾಯತು ಮಾಡುತ್ತಾ ಬಂದು ತನ್ನ ಅಧಿಕಾರಿಯ ಮುಂದೆ ನಿಲ್ಲುತ್ತದೆ. ಮೂರು ಸಲ ಸೈನ್ಯಕ್ಕೆ ಹೋಗಿ ಬಂದವರು ಪಕ್ಕದಲ್ಲೇ ಇರುವಾಗ, ಆ ಹುಡುಗರು ಹೇಗೆ ನಿಲ್ಲಬೇಕೆಂದು ಕುರೊಸಾವಾ ಇನ್ಯಾರನ್ನು ಕೇಳಬೇಕಿತ್ತು?